ಕೆಮ್ಮು ಬಾರದ ಗೋದಾಮು

ಬೆಳಿಗ್ಗೆ ಟ್ರಂಕಿನ ಮುಚ್ಚಳ ತೆರೆದ ಫಕ್ಕೀರಪ್ಪ ಅಲ್ಲೇ ಕುಸಿದು ಕುಳಿತ. ಒಳಗೆ ಬರೀ ಬಟ್ಟೆಯ ಗಂಟು. ತೊಟ್ಟಿಲ ಸರಪಳಿ ಇಲ್ಲ!

ಅದೇನು ಅಂತಿಂಥ ಸರಪಳಿಯೇ? ಕೊಂಡಿಗೊಂದು ಹಿತ್ತಾಳೆ ಗಿಣಿ. ಕುಪ್ಪೇಲೂರಿನ ಚೌಡವ್ವನ ಮನೆಯ ಕೂಸುಗಳನ್ನೆಲ್ಲ ತೂಗಿದ್ದು. ಬ್ಯಾಡಗಿಯ ಖಾಲಿ ಗೋದಾಮಿನಲ್ಲಿ ಸಿನಿಮಾಕ್ಕೆಂದು ಮೆಣಸಿನಕಾಯಿ ಸಾಹುಕಾರನ ಮನೆಯ ಸೆಟ್ ಹಾಕುವಾಗ, ಕಲಾ ನಿರ್ದೇಶಕ ಫಕ್ಕೀರಪ್ಪ ತನ್ನೂರಿನ ಆ ಮುದುಕಿಯನ್ನು ಕಾಡಿ ಬೇಡಿ ಅದನ್ನು ತಂದಿದ್ದ. ನಾಟಕದ ಪರದೆ ಬರೆಯುತ್ತ ಮೇಲೆ ಬಂದವನು. ಮನೆಮನೆಯ ಹಳೇ ಸಾಮಾನು ಎರವಲು ತಂದೇ ಅವನ ಸೆಟ್ಟುಗಳಿಗೆ ಜೀವ ಬರುತ್ತಿತ್ತು. ಒಮ್ಮೆ ಮಾತು ಕೆಟ್ಟರೆ ಮುಗಿಯಿತು, ನಾಳೆ ಒಂದು ತಂಬಿಗೆಯನ್ನೂ ಯಾರೂ ಕೊಡರು.

ಸರಪಳಿ ಒಯ್ಯಲು ಬಂದಿದ್ದ ಚೌಡವ್ವ ಸೆಟ್ಟಿನ ಖಾರದಪುಡಿಯ ರಾಶಿಯ ಪಕ್ಕದಲ್ಲೇ ಕುಳಿತು ಅಳುತ್ತಿದ್ದಳು. “ಮಧ್ಯಾಹ್ನ ಮಗಳ ಕೂಸನ್ನ ತೊಟ್ಟಿಲಿಗೆ ಹಾಕೂದೈತಿ. ಬಂದ ಮಂದಿಗೆ ಏನ್ ಹೇಳ್ಲೋ, ತಮ್ಮಾ?”

ಫಕ್ಕೀರಪ್ಪ ಕೆಂಪು ಬಣ್ಣ ಹತ್ತಿದ ಬೆರಳುಗಳನ್ನು ಒರೆಸಿಕೊಳ್ಳುತ್ತ ಪ್ರೊಡಕ್ಷನ್ ಮ್ಯಾನೇಜರ್ ಗುಡದಪ್ಪನತ್ತ ತಿರುಗಿದ.

“ಟ್ರಂಕಿನಾಗ ಇಟ್ಟಾಂವ ನೀನ ಅಲ್ಲೇನು?”

“ಹೌದ್ರಿ. ರಾತ್ರಿ ಊಟ ಮಾಡಿ ಬಂದು ಇಲ್ಲೇ, ಅದರ ಮಗ್ಗಲಕ್ಕ ಮಲಗಿದ್ದೆ.”

“ಮತ್ತ ಹೆಂಗ ಹೋತು?”

“ಈ ಖಾರದ ಘಾಟ್ರಿ! ಕೆಮ್ಮಿ ಕೆಮ್ಮಿ ಜೀವಾ ಹೋತು. ಹೊರಗ ಹೋಗಿ ಕುಂತೆ, ಆವಾಗ ಯಾರೋ ಹೊಕ್ಕಾರ. ಸಂಜಿಕ ಪೇಂಟರ್ ಇಸಾಕಸಾಬ ಒಬ್ಬನ ಉಳಿದಿದ್ನಲ್ರಿ, ಅವನ್ನ ಕೇಳ್ರಿ!”

ಅಲ್ಲೇ ನಿಂತಿದ್ದ ಇಸಾಕಸಾಬ ಕೆಂಡವಾದ. ಫಕ್ಕೀರಪ್ಪ ಅವನನ್ನು ಕೈಸನ್ನೆಯಲ್ಲೇ ತಡೆದ.

“ಅಷ್ಟು ಘಾಟಿತ್ತು?”

“ಖರೇನರಿ! ಕಣ್ಣು ಬಿಡಾಕಾಗಲಿಲ್ಲ.”

“ಗುಡದಪ್ಪ, ಇಷ್ಟೊತ್ತು ನಾವೆಲ್ಲ ಇದೇ ರಾಶಿ ಮುಂದ ಕುಂತೇವಿ. ಯಾರರ ಒಮ್ಮೆ ಕೆಮ್ಮಿದ್ರೇನು?”



ಫಕ್ಕೀರಪ್ಪ ಒಂದು ಬೊಗಸೆ ಪುಡಿ ಎತ್ತಿ ಗುಡದಪ್ಪನ ಮೂಗಿಗೆ ಹಿಡಿದ. “ನಿನ್ನೆ ನಾಯಕಿ ಸೀನಿ ಸೀನಿ ಶೂಟಿಂಗ್ ನಿಂತಿತ್ತಲ್ಲ? ನೀ ಊಟಕ್ಕ ಹೋದ ಮ್ಯಾಲೆ ನಾ ಹೊಳ್ಳಿ ಬಂದೆ; ನಾನೂ ಇಸಾಕಸಾಬನೂ ಖಾರ ಎಲ್ಲಾ ಹೊರಗ ಹಾಕಿ, ನೆಲಾ ತೊಳದು, ಇದನ್ನ ಸುರುವಿದ್ವಿ. ಕಟ್ಟಿಗಿ ಹೊಟ್ಟು, ಮ್ಯಾಲೆ ಬಣ್ಣ! ಇಲ್ಲಿ ಮಲಗಿದ್ರ ನಿನಗ ಗೊತ್ತಾಗತಿರಲಿಲ್ಲೇನು? ನೀ ಒಳಗ ಕಾಲ ಇಟ್ಟಿಲ್ಲ. ಕಳ್ಳ ಬ್ಯಾರೆ ಇದ್ರ ನೀ ಸುಳ್ಳ ಯಾಕ ಹೇಳ್ತಿದ್ದಿ? ಟ್ರಂಕಿನಾಗ ಇಟ್ಟದ್ದೂ ಬರೇ ಈ ಗಂಟು. ಸರಪಳಿ ಎಲ್ಲೈತಿ?”

ಗುಡದಪ್ಪನ ಮುಖ ಸುಣ್ಣವಾಯಿತು. “ರಾಣೆಬೆನ್ನೂರ ಲಾಡ್ಜಿನಾಗ… ನನ್ನ ಚೀಲದಾಗ ಐತ್ರಿ.”

ಚೌಡವ್ವ ಚಿಟಿಕೆ ಪುಡಿ ನಾಲಿಗೆಗೆ ಹಚ್ಚಿ ಥೂ ಎಂದು ಉಗುಳಿದಳು. “ಅಳೂದ್ರಾಗ ನನಗೂ ತಿಳೀಲಿಲ್ಲಲ್ಲೋ, ಭಾಡ್ಯಾ!”

ಮಧ್ಯಾಹ್ನ ಕುಪ್ಪೇಲೂರಿನಲ್ಲಿ ಜಂತಿಗೆ ಸರಪಳಿ ಸಿಕ್ಕಿಸಿದವನು ಫಕ್ಕೀರಪ್ಪನೇ. ಕೂಸನ್ನು ತೂಗುತ್ತ ಚೌಡವ್ವ ಹೇಳಿದಳು:

“ಮುಂದಿನ ಪಿಚ್ಚರಿಗೂ ಒಯ್ಯಿ. ಆದ್ರ ಕಾಯಾಕ ನೀನ ಕುಂದ್ರು.”