ಮಂಗಳವಾರದ ಟೇಪು

ಮಂಗಳವಾರ ಮಧ್ಯಾಹ್ನ ಹನ್ನೆರಡೂಕಾಲು. ಡೊಲೋರೆಸ್ ವುಯ್ಚಿಕ್ ನೆಲ ಒರೆಸುವ ಬಕೆಟ್ ತಳ್ಳಿಕೊಂಡು ಆಟಗಾರರು ಮೈನೋವಿಗೆ ಮುಳುಗುವ ಐಸ್ ತೊಟ್ಟಿಯ ಕೋಣೆಗೆ ಹೋದಳು. ತೊಟ್ಟಿಯಲ್ಲಿ ಒಬ್ಬ ಮನುಷ್ಯ ಕವುಚಿ ಬಿದ್ದಿದ್ದ. ಬೆನ್ನು ಬಾಗಿಲಿನಷ್ಟು ಅಗಲ. ಮುಖ ನೀರೊಳಗೆ.

ಅವಳು ಕಿರುಚುತ್ತಾ ನಿಲ್ಲಲಿಲ್ಲ. ಬಟ್ಟೆ ಸಮೇತ ಐಸಿಗೆ ಇಳಿದು ಅವನ ತಲೆ ಎತ್ತಿ ಹಿಡಿದಳು. ಅರವತ್ತೊಂದು ವರ್ಷದ ಹೆಂಗಸು, ನೂರ ಹದಿನೈದು ಕಿಲೋದ ಗಂಡಸು. ನಾವು ಪೊಲೀಸರು ಹೋಗುವವರೆಗೂ ಹಿಡಿದೇ ಇದ್ದಳು. ಅವಳ ತುಟಿಯೂ ನೀಲಿಯಾಗಿತ್ತು. ಅವತ್ತು ಆ ಕಟ್ಟಡದಲ್ಲಿ ಮನುಷ್ಯಳು ಅಂತ ನಾನು ಕಂಡಿದ್ದು ಅವಳೊಬ್ಬಳನ್ನೇ.

ಸತ್ತವನು ಟಾರ್ವೆಲ್ ಬಾಯ್ಕಿನ್. ಕೋಲ್ಟನ್ ಫೋರ್ಜ್‌ಮೆನ್ ಎಂಬ ಅಮೆರಿಕನ್ ಫುಟ್ಬಾಲ್ ತಂಡದ ಟೈಟ್ ಎಂಡ್. ಅಂಗಿಯ ಸಂಖ್ಯೆ ಎಂಬತ್ತೇಳು. ಟೈಟ್ ಎಂಡ್ ಅಂದರೆ ಸಾಲಿನ ತುದಿಯಲ್ಲಿ ನಿಂತು ಇಬ್ಬರ ಕೂಲಿ ಮಾಡುವವನು. ಒಂದು ಸಲ ಎದುರಿಗಿರುವ ಗೂಳಿಯಂಥವನನ್ನು ಮೈಯೊಡ್ಡಿ ತಡೆಯಬೇಕು. ಇನ್ನೊಂದು ಸಲ ಓಡಿಹೋಗಿ ಚೆಂಡು ಹಿಡಿದು, ಹಿಡಿದ ಕೂಡಲೇ ಮೂರು ಜನರ ಕೆಳಗೆ ಬೀಳಬೇಕು. ಹೆಸರು ಚೆಂಡು ಎಸೆದವನಿಗೆ, ಏಟು ಇವನಿಗೆ. ಈ ಕೆಲಸದಲ್ಲಿ ಮೂರು ವರ್ಷ ಬಾಳಿದವನೇ ಗಟ್ಟಿಗ. ಬಾಯ್ಕಿನ್ ಹನ್ನೊಂದು ವರ್ಷ ಬಾಳಿದ್ದ.

ತರಬೇತುದಾರ ಡ್ರೂ ಹ್ಯಾಲರನ್ ಬಾಗಿಲಲ್ಲಿ ನಿಂತಿದ್ದ. ಕೈಯಲ್ಲಿ ಫೋನು. ಕಣ್ಣು ಗೋಡೆಯ ಗಡಿಯಾರದ ಮೇಲೆ.

"ಹ್ರುಸ್ಕಾ, ಬೇಗ ಮುಗ್ಸಪ್ಪಾ. ಇವತ್ತು ನಾಲ್ಕು ಗಂಟೆಗೆ ತಂಡತಂಡಗಳ ನಡುವೆ ಆಟಗಾರರ ಅದಲುಬದಲಿನ ಗಡುವು ಮುಗಿಯುತ್ತೆ. ತಲೆ ಮೇಲೆ ನೂರು ಕೆಲಸ ಇದೆ."

"ನಿಮ್ಮವನೊಬ್ಬ ಸತ್ತು ಬಿದ್ದಿದ್ದಾನೆ ಸ್ವಾಮಿ," ಅಂದೆ ನಾನು.

"ಅದಕ್ಕೆ ದುಃಖ ಇಲ್ವಾ ನನಗೆ? ಆದರೆ ಅವನ ಚೀಲ ನೋಡು ಮೊದಲು."

ಚೀಲದಲ್ಲಿ ನಿದ್ದೆ ಮಾತ್ರೆಯ ಬಾಟಲಿ ಇತ್ತು. ಅರ್ಧ ಖಾಲಿ.

"ಮನಸ್ಸು ಕೆಟ್ಟಿತ್ತು ಪಾಪ. ವಯಸ್ಸಾಯ್ತು, ಮುಂದೇನು ಅನ್ನೋ ಚಿಂತೆ. ಮಾತ್ರೆ ನುಂಗಿ ತೊಟ್ಟಿಗಿಳಿದಿದ್ದಾನೆ. ಇದರಲ್ಲಿ ಪತ್ತೆ ಮಾಡೋದೇನಿದೆ?"

ಬೆಂಚಿನ ಮೇಲೆ ಮುದುಕ ಎಮಿಲ್ ಪೆಟ್ರಾಸ್ ಕೂತು ಅಳುತ್ತಿದ್ದ. ತಂಡದ ಮೈ ನೋಡಿಕೊಳ್ಳುವವನು. ಮೂವತ್ತು ವರ್ಷದಿಂದ ಎಲ್ಲರ ಉಳುಕು ತಿಕ್ಕುವುದು, ಕಣಕಾಲಿಗೆ ಬಿಳಿ ಟೇಪು ಸುತ್ತುವುದು, ಏಟು ತಿಂದವನು ಮತ್ತೆ ಆಡಬಹುದೋ ಬಾರದೋ ಅಂತ ಹೇಳುವುದು ಅವನ ಕೆಲಸ. ಊರಲ್ಲಿ ಅವನನ್ನು ಬೈದವರನ್ನು ನಾನು ಕಂಡಿಲ್ಲ.

"ನೀನು ಇವನನ್ನ ಕೊನೇ ಸಲ ನೋಡಿದ್ದು ಯಾವಾಗ ಎಮಿಲ್?"

"ಭಾನುವಾರದ ಆಟದಲ್ಲಿ ಕಣಪ್ಪಾ. ತಲೆಗೆ ಏಟು ಬಿತ್ತಲ್ಲ. ಆ ಆಟ ಮುಗಿದ ಮೇಲೆ ಮೈದಾನಕ್ಕೆ ಕಾಲೇ ಇಟ್ಟಿಲ್ಲ ಅವನು. ಅಭ್ಯಾಸ ಇಲ್ಲ, ಟೇಪು ಸುತ್ತೋ ಮಾತೇ ಇಲ್ಲ. ನನ್ನ ಮಗ ಇದ್ದ ಹಾಗಿದ್ದ." ಅಂಗೈಯಿಂದ ಮುಖ ಮುಚ್ಚಿಕೊಂಡ.

ಭಾನುವಾರ ನಾನೂ ಆಟ ನೋಡಿದ್ದೆ. ಆ ಏಟಿನ ನಂತರ ಬಾಯ್ಕಿನ್ ಎದ್ದು ಎದುರಾಳಿಗಳ ಬೆಂಚಿನ ಕಡೆ ನಡೆದುಹೋದ. ಐವತ್ತು ಸಾವಿರ ಜನ ಗೊಳ್ಳೆಂದು ನಕ್ಕರು. ನಾನೂ ಸಾಸೇಜು ತಿನ್ನುತ್ತಾ ನಕ್ಕಿದ್ದೆ. ಎರಡು ನಿಮಿಷದ ಮೇಲೆ ಪೆಟ್ರಾಸ್ ಕೈ ಎತ್ತಿ 'ಸರಿ ಇದ್ದಾನೆ' ಅಂದ. ಬಾಯ್ಕಿನ್ ಮತ್ತೆ ಆಡಿದ. ನಾವು ಚಪ್ಪಾಳೆ ಹೊಡೆದೆವು.

ಬಗ್ಗಿ ಹೆಣದ ಬಲಗೈ ನೋಡಿದೆ. ಬೆರಳ ಗಂಟುಗಳ ಸಂದಿಯಲ್ಲಿ ಸಾಸಿವೆಯಂಥ ಕಪ್ಪು ಕಾಳು. ರಬ್ಬರ್ ಪುಡಿ. ಒಳಾಂಗಣ ಮೈದಾನದ ಪ್ಲಾಸ್ಟಿಕ್ ಹುಲ್ಲಿನ ಬುಡದಲ್ಲಿ ತುಂಬಿರುತ್ತದೆ. ಆಟ ಶುರುವಾಗುವ ಮುನ್ನ ಟೈಟ್ ಎಂಡ್ ಆ ಕೈಯನ್ನೇ ನೆಲಕ್ಕೆ ಊರಿ ಬಗ್ಗುವುದು. ಆದರೆ ಭಾನುವಾರದ ಆಟ ನಡೆದದ್ದು ಹೊರಗಿನ ನಿಜವಾದ ಹುಲ್ಲಿನ ಮೇಲೆ.

ಕಾಳನ್ನು ಲಕೋಟೆಗೆ ಹಾಕಿದೆ.

* * *

ಮಂಗಳವಾರ ಆಟಗಾರರಿಗೆ ರಜೆ. ಆದರೂ ಗೇಟಿನ ಕಾವಲುಗಾರ ಒಂದು ಹೆಸರು ಹೇಳಿದ. ಬ್ರಾಂಟ್ ಸೀವರ್ಸ್. ಇಪ್ಪತ್ತಮೂರು ವರ್ಷದ ಹೊಸ ಟೈಟ್ ಎಂಡ್. ಬಾಯ್ಕಿನ್ ಹೋದರೆ ಆ ಜಾಗ ಇವನಿಗೆ. ಹೋದ ಗುರುವಾರ ಇಬ್ಬರೂ ಬಟ್ಟೆ ಕೋಣೆಯಲ್ಲಿ ಕೈ ಕೈ ಮಿಲಾಯಿಸಿದ್ದರಂತೆ. ಅವತ್ತು ಸೀವರ್ಸ್ ಬೆಳಿಗ್ಗೆ ಎಂಟೂಮುಕ್ಕಾಲಿಗೆ ಬಂದು ಹತ್ತು ಗಂಟೆಗೆ ಕಾರು ಕಿರುಗುಟ್ಟಿಸುತ್ತಾ ಹೋಗಿದ್ದ.

ಅವನ ಮನೆಗೆ ಹೋದೆ. ಬಾಗಿಲು ತೆಗೆದವನ ಎಡ ಮುಂಗೈ ಬದನೆಕಾಯಿ ಬಣ್ಣಕ್ಕೆ ತಿರುಗಿ ಊದಿತ್ತು.

"ಇದೇನು?"

"ಭಾ... ಭಾನುವಾರದ್ದು."

"ಭಾನುವಾರ ನೀನು ಆಡಲೇ ಇಲ್ವಲ್ಲೋ. ಬೆಂಚಿನ ಮೇಲೆ ಕೂತು ಮುಂಗೈ ಊದಿಸ್ಕೊಂಡ್ಯಾ? ಇವತ್ತು ಬೆಳಿಗ್ಗೆ ಯಾಕೆ ಹೋಗಿದ್ದೆ?"

"ತೂಕ ಎತ್ತೋಕೆ."

"ಗುರುವಾರ ಬಾಯ್ಕಿನ್ ಮೇಲೆ ಯಾಕೆ ಬಿದ್ದೆ?"

ಹುಡುಗ ಗೋಡೆಗೆ ಒರಗಿದ. "ನಾನು ಬಿದ್ದಿದ್ದಲ್ಲ ಸಾರ್. ಅವರೇ ನನ್ನ ಹಿಡಿದು ಅಲ್ಲಾಡಿಸಿದ್ರು. ತಲೆ ಬಗ್ಗಿಸಿ ಗುದ್ದಬೇಡ ಕತ್ತೆ, ನನ್ನ ಹಾಗಾಗ್ತೀಯ ಅಂತ ಬೈದ್ರು." ಮಾತು ನಿಲ್ಲಿಸಿ, "ನನ್ನ ವಕೀಲರ ಜೊತೆ ಮಾತಾಡಿ," ಎಂದು ಬಾಗಿಲು ಹಾಕಿಕೊಂಡ.

ಇವನೇ ಕೊಂದವನು ಅಂತ ಆಗ ನೂರಕ್ಕೆ ತೊಂಬತ್ತು ಪಾಲು ನಂಬಿದ್ದೆ.

* * *

ಬುಧವಾರ ಬೆಳಿಗ್ಗೆ ಬಾಯ್ಕಿನ್ ಹೆಂಡತಿ ರೆನೀಟಾಳನ್ನು ನೋಡಿದೆ. ಹಲ್ಲಿನ ಆಸ್ಪತ್ರೆಯಲ್ಲಿ ನರ್ಸು. ಮಂಗಳವಾರ ಗಂಡ ಏಳುವ ಮೊದಲೇ ಕೆಲಸಕ್ಕೆ ಹೋಗಿದ್ದಳು. ಅಡುಗೆಮನೆ ಮೇಜಿನ ಮೇಲೆ ನೆರೆಯವರು ತಂದಿಟ್ಟ ಪಾತ್ರೆಗಳು, ಒಂದರ ಮುಚ್ಚಳವೂ ತೆಗೆದಿರಲಿಲ್ಲ. ಅವಳು ಅಳಲಿಲ್ಲ. ನನ್ನ ಮೇಲೆ ಹರಿಹಾಯ್ದಳು.

"ಟಿವೀಲಿ ಮಾತ್ರೆ ಮಾತ್ರೆ ಅಂತ ಬೊಬ್ಬೆ ಹೊಡೀತಿದಾರೆ. ಆ ಮಾತ್ರೆ ಕೊಟ್ಟವರೇ ಆ ತಂಡದವರು ಕಣ್ರೀ! ನನಗೆ ಒಂಬತ್ತು ವರ್ಷದ ಮಗಳಿದ್ದಾಳೆ. ಡೆಲ್ಫಿ. ಬೆಳಿಗ್ಗೆ ಎದ್ದು ಏನು ಕೇಳಿದ್ಲು ಗೊತ್ತಾ? 'ಅಪ್ಪ ನಮ್ಮನ್ನ ಬಿಟ್ಟು ಬೇಕಂತಲೇ ಹೋದ್ನಾ' ಅಂತ. ಏನು ಹೇಳ್ಲಿ? ಅದಕ್ಕೊಂದು ಉತ್ತರ ತಂದುಕೊಡಿ ನನಗೆ. ಬೇರೆ ಏನೂ ಬೇಡ."

"ತರ್ತೀನಿ ತಾಯಿ," ಅಂದುಬಿಟ್ಟೆ. ಕೊಡಬಾರದ ಮಾತು. ಕೊಟ್ಟೆ.

ಹೊರಡುವಾಗ ಕಾರಿನ ಶೆಡ್ಡು ತೋರಿಸಿದಳು. ಒಂದಿಡೀ ಗೋಡೆಗೆ ಬಿಳಿ ಟೇಪಿನ ತುಂಡುಗಳು. ಸಾಲುಸಾಲು, ಬೆರಳುದ್ದದವು. ಪ್ರತಿಯೊಂದರ ಮೇಲೂ ಕಪ್ಪು ಶಾಯಿಯಲ್ಲಿ 'ಡೆಲ್ಫಿ', ಕೆಳಗೆ ಒಂದು ತಾರೀಖು.

"ಇದೇನಮ್ಮ?"

"ಅವಳು ಹುಟ್ಟಿದಾಗಿಂದ ಹಿಡಿದ ಹುಚ್ಚು. ಟೇಪು ಸುತ್ತಿಸ್ಕೊಂಡ ದಿನವೆಲ್ಲಾ ಎಡ ಮಣಿಕಟ್ಟಿನ ಮೇಲೆ ಅವಳ ಹೆಸರು ಬರೀತಿದ್ದ. ಅಭ್ಯಾಸ ಮುಗಿದ ಮೇಲೆ ಎಮಿಲ್ ಕತ್ತರಿಸಿ, ಹೆಸರಿರೋ ತುಂಡನ್ನ ಬಟ್ಟೆ ಕೋಣೇಲಿರೋ ಅವನ ಗೂಡಿನ ಹಲಗೆಗೆ ಅಂಟಿಸ್ತಿದ್ದ. ಬೇರೆ ಯಾರೂ ಮುಟ್ಟಬಾರದು, ಇವನೂ ಅಂಟಿಸಬಾರದು, ಅಪಶಕುನ ಅಂತೆ. ವರ್ಷದ ಕೊನೆಗೆ ಎಲ್ಲಾ ಮನೆಗೆ ತರ್ತಿದ್ದ. ಈ ವರ್ಷದ್ದು ಇನ್ನೂ ಅಲ್ಲೇ ಇದೆ."

* * *

ದಾರಿಯಲ್ಲಿ ಶವಪರೀಕ್ಷೆಯ ಡಾಕ್ಟರ್ ಫೋನು ಮಾಡಿದರು.

"ಹೊಟ್ಟೇಲಿ ಒಂದೂ ಮಾತ್ರೆ ಇಲ್ಲ. ಮೆದುಳಲ್ಲಿ ಎರಡು ರಕ್ತಸ್ರಾವ. ಒಂದು ಎರಡು ದಿನದ ಹಿಂದಿನದು, ಇನ್ನೊಂದು ತಾಜಾ. ಆದರೆ ಸತ್ತಿದ್ದು ಅದರಿಂದಲ್ಲ. ಶ್ವಾಸಕೋಶದ ತುಂಬಾ ನೀರು."

"ಅಂದರೆ?"

"ನೀರಿಗೆ ಬಿದ್ದಾಗ ಉಸಿರಾಡ್ತಾ ಇದ್ದ."

ಬಟ್ಟೆ ಕೋಣೆಗೆ ಹೋಗಿ ಎಂಬತ್ತೇಳರ ಗೂಡಿಗೆ ತಲೆ ಹಾಕಿದೆ. ಒಳಹಲಗೆಯ ಮೇಲೆ ಈ ವರ್ಷದ ತುಂಡುಗಳು. ಬೆರಳಿಟ್ಟು ಓದುತ್ತಾ ಹೋದೆ. ಕೊನೆಯ ಸಾಲು. ಡೆಲ್ಫಿ, ಅಕ್ಟೋಬರ್ ಮೂವತ್ತೊಂದು. ಡೆಲ್ಫಿ, ನವೆಂಬರ್ ಎರಡು. ಅದು ಭಾನುವಾರ.

ಅದರ ಪಕ್ಕ ಇನ್ನೊಂದು ಇತ್ತು. ಡೆಲ್ಫಿ, ನವೆಂಬರ್ ನಾಲ್ಕು.

ಮಂಗಳವಾರ.

ಒಂದು ನಿಮಿಷ ಆ ಗೂಡಿನಲ್ಲೇ ಕೂತೆ. ಆಮೇಲೆ ಆ ತುಂಡಿನ ಫೋಟೋ ತೆಗೆದು, ಸೀವರ್ಸನ ವಕೀಲನ ಕಚೇರಿಗೆ ಹೋಗಿ ಹುಡುಗನ ಮುಂದೆ ಹಿಡಿದೆ. ವಕೀಲ ಬಾಯಿ ತೆರೆಯುವ ಮುಂಚೆಯೇ ಹುಡುಗ ಬಿಕ್ಕಿ ಬಿಕ್ಕಿ ಅತ್ತು ಎಲ್ಲವನ್ನೂ ಹೇಳಿದ.

* * *

ಹ್ಯಾಲರನ್‌ನ ಕೋಣೆಗೆ ಪೆಟ್ರಾಸ್‌ನನ್ನೂ ಕರೆಸಿದೆ. ಮೇಜಿನ ಮೇಲೆ ಪ್ಲಾಸ್ಟಿಕ್ ಚೀಲದಲ್ಲಿದ್ದ ಟೇಪಿನ ತುಂಡು ಇಟ್ಟೆ.

"ಓದು ಎಮಿಲ್."

ಮುದುಕ ಓದಿದ.

ಹ್ಯಾಲರನ್ ನಕ್ಕ. "ಒಂದು ಚೂರು ಟೇಪು. ಅವನೇ ಸುತ್ತಿಕೊಂಡಿರ್ತಾನೆ, ಅವನೇ ಅಂಟಿಸಿರ್ತಾನೆ."

"ಒಂಬತ್ತು ವರ್ಷ ಇದನ್ನ ಅಂಟಿಸಿದ್ದು ಒಂದೇ ಕೈ ಕಣ್ರೀ. ಅಂಚು ನೋಡಿ, ಮೊಂಡು ಮೂತಿಯ ಕತ್ತರಿಯಲ್ಲಿ ಒಂದೇ ಎಳೆತಕ್ಕೆ ಕತ್ತರಿಸಿದ್ದು. ಆ ಕತ್ತರಿ ಎಮಿಲ್ ಸೊಂಟದಲ್ಲೇ ಇದೆ. ಬಾಯ್ಕಿನ್ ತಾರೀಖು ಬರೆದಿದ್ದಾನೆ. ಅಂದರೆ ಮಂಗಳವಾರ ಟೇಪು ಸುತ್ತಿಸ್ಕೊಂಡಿದ್ದಾನೆ. ರಜೆ ದಿನ ಯಾವನೂ ಟೇಪು ಸುತ್ತಿಸ್ಕೊಳ್ಳಲ್ಲ. ಬೆರಳ ಸಂದಿಯಲ್ಲಿ ಒಳಮೈದಾನದ ರಬ್ಬರ್ ಪುಡಿ ಬೇರೆ. ಅವನು ಕೈ ಊರಿ ಬಗ್ಗಿದ್ದಾನೆ. ಗೋಡೆ ಎದುರಿಗೆ ಯಾರೂ ಹಾಗೆ ಬಗ್ಗಲ್ಲ. ಎದುರಿಗೆ ಒಬ್ಬ ಇರಲೇಬೇಕು."

"ಸೀವರ್ಸ್ ಇದ್ದಿರಬಹುದು, ನನಗೇನು ಗೊತ್ತು?"

"ಸೀವರ್ಸ್ ಎಲ್ಲಾ ಹೇಳಿದ್ದಾನೆ. ಬಾಯ್ಕಿನ್‌ನ ಬೇರೆ ತಂಡಕ್ಕೆ ಸಾಗಹಾಕಬೇಕಿತ್ತು ನಿಮಗೆ, ನಾಲ್ಕು ಗಂಟೆಯೊಳಗೆ. ತಲೆ ಒಡೆದವನನ್ನ ಯಾರು ತಗೋತಾರೆ? ಗಟ್ಟಿಯಾಗಿದ್ದಾನೆ ಅಂತ ತೋರಿಸೋಕೆ ವಿಡಿಯೋ ಬೇಕಿತ್ತು. ಆ ಹುಡುಗನಿಗೆ ಮೂರು ಸಲ ಗುದ್ದು ಅಂದ್ರಿ. ನೀವು ಫೋನಲ್ಲಿ ವಿಡಿಯೋ ತೆಗೆದ್ರಿ. ಮೂರನೇದಕ್ಕೆ ಅವನು ಬಿದ್ದ. ಏಳಲಿಲ್ಲ."

ಹ್ಯಾಲರನ್ ಕೈ ತಾನಾಗಿ ಜೇಬಿನ ಫೋನಿಗೆ ಹೋಯಿತು. ನನ್ನ ಜೊತೆ ಬಂದಿದ್ದ ಪೊಲೀಸಿನವನು ಅದನ್ನು ಕಿತ್ತುಕೊಂಡ.

"ಬಾಯ್ಕಿನ್ ಯಾಕೆ ಬಂದ ಅಂತ ಹುಡುಗ ಕೇಳಿದನಂತೆ. 'ಎಮಿಲ್ ಕರೆದ, ಸ್ವಲ್ಪ ಓಡಿದ್ರೆ ಸಾಕು ಅಂದ, ಅದಕ್ಕೇ ಬಂದೆ' ಅಂದನಂತೆ. ಕೇಳಿಸ್ತಾ ಎಮಿಲ್?"

ಮುದುಕ ತೊದಲಿದ. "ಸತ್ತಿದ್ದಾನೆ ಅಂದ್ಕೊಂಡೆ ಕಣಪ್ಪಾ. ಸತ್ತವನನ್ನ ನೀರಿಗೆ ಹಾಕಿದೆ ಅಷ್ಟೇ. ಈ ಡ್ರೂ ಹೇಗಾದ್ರೂ ಸರಿಮಾಡು ಅಂದ..."

"ಸತ್ತವನು ನೀರು ಉಸಿರಾಡಲ್ಲ! ಮೂವತ್ತು ವರ್ಷ ನಾಡಿ ಹಿಡಿದ ಕೈ ಕಣಯ್ಯಾ ಅದು. ಹುಡುಗನನ್ನ ಮನೆಗೆ ಅಟ್ಟುವಾಗ ನೀನೇ ಹೇಳಿದ್ದೀಯ, 'ಉಸಿರಾಡ್ತಿದ್ದಾನೆ, ನಾನು ನೋಡ್ಕೋತೀನಿ, ನೀನು ಹೋಗು' ಅಂತ. ಆಸ್ಪತ್ರೆಗೆ ಹೋಗಿದ್ರೆ ತಲೆಯ ಫೋಟೋ ತೆಗೀತಿದ್ರು. ಭಾನುವಾರದ ರಕ್ತ ಕಾಣ್ತಿತ್ತು. ಸರಿ ಇದ್ದಾನೆ ಅಂತ ಕೈ ಎತ್ತಿದ್ದು ಯಾರು ಅಂತ ಕೇಳ್ತಿದ್ರು. ಆ ಒಂದು ಪ್ರಶ್ನೆಗೆ ಹೆದರಿ ಟೇಪು ಬಿಚ್ಚಿದೆ. ಎಳ್ಕೊಂಡು ಹೋಗಿ ತೊಟ್ಟೀಲಿ ಕವುಚಿ ಹಾಕಿದೆ. ಅವನ ಚೀಲ ತಂದು ಪಕ್ಕದಲ್ಲಿಟ್ಟೆ, ಮಾತ್ರೆ ಕಾಣಲಿ ಅಂತ."

ಪೆಟ್ರಾಸ್ ಟೇಪಿನ ತುಂಡನ್ನೇ ನೋಡುತ್ತಿದ್ದ.

"ಅವತ್ತಿನ ಉಳಿದ ಟೇಪನ್ನೆಲ್ಲಾ ಸುಟ್ಟೆ. ಇದನ್ನ ಅಂಟಿಸಿದ್ದು ನನಗೇ ನೆನಪಿಲ್ಲ. ಕೈ ತಾನೇ ಮಾಡಿಬಿಟ್ಟಿದೆ."

"ಅವನನ್ನ ನೀರಿಗೆ ಹಾಕಿದ್ದೂ ಅದೇ ಕೈ."

ಆಗ ಪೊಲೀಸಿನವನು ಹ್ಯಾಲರನ್‌ನ ಫೋನು ನನ್ನ ಮುಂದೆ ಹಿಡಿದ. ಪರದೆಯ ಮೇಲೆ ಬಾಯ್ಕಿನ್ ಬಗ್ಗಿ ನಿಂತಿದ್ದ. ಒಂದು ಗುದ್ದು. ಎರಡನೇ ಗುದ್ದು. ಅಲ್ಲಿಗೆ ವಿಡಿಯೋ ಮುಗಿಯಿತು. ಮೂರನೆಯದನ್ನು ಕತ್ತರಿಸಿ ತೆಗೆದಿದ್ದ. ಅದನ್ನು ಇನ್ನೊಂದು ತಂಡಕ್ಕೆ ಕಳಿಸಿದ ಸಮಯ ಹತ್ತು ಗಂಟೆ ನಲವತ್ತು ನಿಮಿಷ. ಆಗ ಬಾಯ್ಕಿನ್ ತೊಟ್ಟಿಯಲ್ಲಿ ಬಿದ್ದು ಅರ್ಧ ಗಂಟೆಯಾಗಿತ್ತು. ಕೆಳಗೆ ಒಂದು ಸಾಲು ಬರೆದಿದ್ದ: 'ನೋಡಿ, ಕಬ್ಬಿಣದ ಹಾಗಿದ್ದಾನೆ.'

ಮೂವತ್ತು ವರ್ಷದ ನೌಕರಿಯಲ್ಲಿ ಕೈದಿಯ ಮೇಲೆ ಕೈ ಮಾಡಿದವನಲ್ಲ ನಾನು. ಅವತ್ತು ಕೈಗಳನ್ನು ಜೇಬಿನಲ್ಲಿ ಇಟ್ಟುಕೊಳ್ಳಬೇಕಾಯಿತು. ಇಬ್ಬರಿಗೂ ಬೇಡಿ ಹಾಕಿದ್ದು ಪೊಲೀಸಿನವನೇ.

* * *

ಸಂಜೆ ರೆನೀಟಾ ಮನೆಗೆ ಹೋದೆ. ಡೆಲ್ಫಿ ಶೆಡ್ಡಿನ ಗೋಡೆಯ ಮುಂದೆ ನಿಂತಿದ್ದಳು. ನನ್ನನ್ನು ನೋಡಿ ಅಮ್ಮನ ಹಿಂದೆ ಸರಿಯುವ ಮಗುವಲ್ಲ ಅದು. ನೇರವಾಗಿ ಕೇಳಿತು.

"ಅಪ್ಪ ಬೇಕಂತಲೇ ಹೋದ್ನಾ?"

"ಇಲ್ಲಮ್ಮ. ಬೇರೆಯವರು ಮಾಡಿದ್ದು. ಅವರನ್ನ ಹಿಡಿದಿದ್ದೀನಿ. ನಿಮ್ಮಪ್ಪ ಮಂಗಳವಾರ ಬೆಳಿಗ್ಗೆ ಒಂಬತ್ತು ಗಂಟೆಗೆ ನಿನ್ನ ಹೆಸರು ಬರೆದಿದ್ದಾನೆ. ಅದರಿಂದಲೇ ಅವರು ಸಿಕ್ಕಿದ್ದು."

"ಎಲ್ಲಿ ಅದು?"

"ಸಾಕ್ಷಿಗೆ ಅಂತ ಕೋರ್ಟಲ್ಲಿ ಇಡಬೇಕು. ಮುಗಿದ ಮೇಲೆ ತರ್ತೀನಿ."

ಮಗು ಒಳಗೆ ಹೋಗಿ ಪೆನ್ಸಿಲು ತಂದಿತು. ಗೋಡೆಯ ಮೇಲೆ, ಟೇಪಿನ ಕೊನೆಯ ಸಾಲಿನ ತುದಿಯಲ್ಲಿ ಬೆರಳುದ್ದದ ಒಂದು ಚೌಕ ಬರೆಯಿತು.

ಆ ಭಾನುವಾರ ಆಟ ನಡೆಯಿತು. ಬಾಯ್ಕಿನ್‌ಗಾಗಿ ಒಂದು ನಿಮಿಷ ಎಲ್ಲರೂ ಟೋಪಿ ತೆಗೆದು ನಿಂತರು. ಆಮೇಲೆ ಸಾಲಿನ ತುದಿಗೆ ಬಂದು ಕೈ ಊರಿ ಬಗ್ಗಿದ ಸೀವರ್ಸ್. ಮೊದಲ ಗುದ್ದಿಗೆ ಐವತ್ತು ಸಾವಿರ ಜನ ಎದ್ದು ಕೂಗಿದರು. ನಾನು ಟಿವಿ ಆರಿಸಿದೆ. ಪಕ್ಕದ ಮನೆಯಿಂದ ಅದೇ ಕೂಗು ಕೇಳುತ್ತಲೇ ಇತ್ತು.

ಮೊಕದ್ದಮೆ ಇನ್ನೂ ನಡೆಯುತ್ತಿದೆ. ಚೌಕ ಖಾಲಿಯೇ ಇದೆ.