ಸತ್ತ ಖಾನನ ಪಾರ್ಟು

"ಅಪ್ಪಾ, ಸತ್ತೋರು ಮೂಗು ಕೆರ್ಕೊಳಲ್ಲ!"

ಕಂಬಳಿಯ ಮೇಲೆ ಅಂಗಾತ ಮಲಗಿದ್ದ ಸುಯುನ್ ಒಂದು ಕಣ್ಣು ತೆರೆದ. "ನವೆ ಕಣೇ."

"ಹೆಣಕ್ಕೆಲ್ಲಿ ನವೆ? ಮಲಗು ಸುಮ್ನೆ!" ಮಗಳು ಬೇಗಾಯಿಮ್ ಗದರಿದಳು.

ಸುಯುನ್ ನರಿನ್ ಪೇಟೆಯ ಮಿನಿಬಸ್ ಡ್ರೈವರ್. ಆಸೆ ಮಾತ್ರ ದೊಡ್ಡ ನಟನಾಗುವುದು. ಹೋದ ವರ್ಷ ದೂತನ ಪಾರ್ಟು ಸಿಕ್ಕಿತ್ತು. "ಖಾನರೇ, ವೈರಿ ಬಂದ!" ಇಷ್ಟೇ ಮಾತು. ಸ್ಟೇಜ್ ಹತ್ತಿದ್ದೇ ತಡ, ಅದನ್ನೂ ಮರೆತು, "ಬಜಾರಲ್ಲಿ ಇಳಿಯೋರಿದೀರಾ?" ಎಂದು ಕೂಗಿಬಿಟ್ಟ. ಪಾಪ, ಬಾಯಿಗೆ ಅಭ್ಯಾಸ.

ಈ ಸಲ ನಾಟಕ ಕಲಿಸುವ ಕುಲೀಪಾ ಅಕ್ಕ ಅವನಿಗೆ ಸತ್ತ ಖಾನನ ಪಾರ್ಟು ಕೊಟ್ಟಿದ್ದರು. "ಬರೀ ಮಲಗಿರು ತಮ್ಮಾ. ಇದೂ ಕೆಟ್ರೆ ಇನ್ನು ನಿನ್ನ ಸ್ಟೇಜ್ ಹತ್ತಿಸಲ್ಲ" ಎಂದಿದ್ದರು. ನಾಟಕಕ್ಕೆ ಬೇಗಾಯಿಮಳ ಕ್ಲಾಸಿಗೆ ಕ್ಲಾಸೇ ಬರುವುದಿತ್ತು. ಅಪ್ಪ ಮತ್ತೇನು ಎಡವಟ್ಟು ಮಾಡುತ್ತಾನೋ ಎಂದು ಅವಳಿಗೆ ಊಟವೂ ಸೇರುತ್ತಿರಲಿಲ್ಲ.

ಶನಿವಾರ ಹಾಲ್ ತುಂಬಿತ್ತು. ಸುಯುನ್ ಕಲ್ಲಿನಂತೆ ಬಿದ್ದಿದ್ದ. "ನಿಮ್ಮಪ್ಪ ಸಕತ್ತಾಗಿ ಸತ್ತಿದಾರೆ ಕಣೇ!" ಪಕ್ಕದಲ್ಲಿದ್ದ ಅವಳ ಕ್ಲಾಸಿನ ನುರ್ದಿನ್ ಪಿಸುಗುಟ್ಟಿದ. ಬೇಗಾಯಿಮ್ ಹಿಗ್ಗಿಹೋದಳು.

ಆಗ ಮುದುಕನ ವೇಷದವನು ಹೆಣದ ಮುಂದೆ ಕೂತು, ಅಂಗೈಗಳನ್ನೆತ್ತಿ ಪ್ರಾರ್ಥನೆ ಹೇಳಿದ. ಹಿರಿಯರು ಅಂಗೈ ಎತ್ತಿದರೆ ಯಾರು ತಾನೇ ಸುಮ್ಮನೆ ಕೂರುತ್ತಾರೆ? ಹಾಲಿನಲ್ಲಿದ್ದವರೆಲ್ಲ ಎತ್ತಿದರು. ಪ್ರಾರ್ಥನೆ ಮುಗಿದಾಗ "ಓಮಿನ್" ಎಂದು ಮುಖ ಸವರಿಕೊಂಡರು.

ಸತ್ತ ಖಾನನೂ ಎತ್ತಿದ. "ಓಮಿನ್" ಎಂದು ಭಕ್ತಿಯಿಂದ ಮುಖ ಸವರಿಕೊಂಡ.

ಅಷ್ಟೇ, ನಗು ಶುರುವಾಯಿತು ನೋಡಿ! ಮುದುಕನ ಗಡ್ಡ ಕಳಚಿ ಬಿತ್ತು. ಅಳಬೇಕಾದ ರಾಣಿ ಕಿಸಕಿಸ ನಕ್ಕಳು. ನುರ್ದಿನ್ ಕುರ್ಚಿಯಿಂದಲೇ ಜಾರಿದ.

ಬೇಗಾಯಿಮ್ ನಾಚಿಕೆಯಿಂದ ಮುಖ ಮುಚ್ಚಿಕೊಂಡಳು. ಬೆರಳ ಸಂದಿಯಲ್ಲಿ ಮೆಲ್ಲಗೆ ನೋಡಿದಳು.

ಅಪ್ಪ ಮತ್ತೆ ಸತ್ತಿದ್ದ. ಕಿವಿ ಮಾತ್ರ ಕೆಂಪಗಾಗಿತ್ತು. ಎದ್ದು ಓಡಬಹುದಿತ್ತು, ಓಡಲಿಲ್ಲ. ಇಡೀ ಪೇಟೆ ನಗುತ್ತಿರುವಾಗ ಸ್ಟೇಜ್ ಮೇಲೆ ಅವನೊಬ್ಬನೇ ತನ್ನ ಪಾರ್ಟು ಮಾಡುತ್ತಿದ್ದ. ಪರದೆ ಬೀಳುವವರೆಗೂ ರೆಪ್ಪೆ ಅಲುಗಲಿಲ್ಲ.

"ಏನ್ ಆಕ್ಟಿಂಗೇ ನಿಮ್ಮಪ್ಪಂದು!" ನುರ್ದಿನ್ ಅಣಕಿಸಿದ.

"ಹೂಂ, ಆಕ್ಟಿಂಗೇ. ನೀನ್ ಮಾಡು ನೋಡೋಣ," ಎಂದವಳೇ ಬೇಗಾಯಿಮ್ ಸ್ಟೇಜಿನ ಹಿಂದಕ್ಕೆ ಓಡಿದಳು.

ಅಲ್ಲಿ ಕುಲೀಪಾ ಅಕ್ಕ ಕೂಗಾಡುತ್ತಿದ್ದರು. "ಇವನಿಗೆ ಸಾಯೋಕೂ ಬರಲ್ವಲ್ಲಪ್ಪಾ! ಇನ್ನು ಈ ಕಡೆ ಬಂದ್ರೆ ಕೇಳಿ!"

ಸುಯುನ್ ಇನ್ನೂ ಮಲಗಿಯೇ ಇದ್ದ. ಮುಚ್ಚಿದ ಕಣ್ಣಿನ ತುದಿ ಒದ್ದೆಯಾಗಿತ್ತು.

"ಎಲ್ರೂ ಹೋದ್ರಾ ಮಗಾ?" ಎಂದು ಪಿಸುಗುಟ್ಟಿದ.

"ಇಲ್ಲಪ್ಪಾ. ಇನ್ನೊಂಚೂರು ಮಲಗಿರು."

ಯಾರಿಗೂ ಅಪ್ಪನ ಮುಖ ಕಾಣದ ಹಾಗೆ ಬೇಗಾಯಿಮ್ ಅಡ್ಡ ಕೂತಳು.