ನದಿಯ ದೃಶ್ಯ ಕತ್ತರಿಸಿದ್ದು ಯಾರು?

"ನಿಲ್ಲಿಸ್ರೋ! ಲೈಟ್ ಹಾಕ್ರೋ!"

ದೋನ್ ಪ್ಲಾಸಿದೊ ಕೂಗಿದ ರಭಸಕ್ಕೆ ಮೂಕಿ ಚಿತ್ರಕ್ಕೆ ಪಿಯಾನೊ ನುಡಿಸುತ್ತಿದ್ದವನ ಕೈ ನಿಂತೇಹೋಯಿತು. ಪರದೆ ಬೆಳ್ಳಗಾಯಿತು. ಚಿತ್ರ ನೋಡಲು ಬಂದಿದ್ದ ಪತ್ರಿಕೆಯವರು ಮುಖ ಮುಖ ನೋಡಿಕೊಂಡರು. ಏನಾಯಿತು? ಯಾರಿಗೂ ತಿಳಿಯಲಿಲ್ಲ.

"ಹುಡುಗಿ ಮುಳುಗೋದು ಎಲ್ರೋ? ಎಲ್ಲಿ ಹೋಯ್ತು ಅದು?"

ಮೂರು ವಾರದ ಹಿಂದೆ ಪಾಸಿಗ್ ನದಿಯಲ್ಲಿ ಲುಮಿಂಗ್ ಎಂಬ ಹುಡುಗಿ ಸತ್ತಿದ್ದಳು. ಚಿತ್ರದ ನಾಯಕಿ ನಿಯೆವೆಸ್‌ಳ ತಂಗಿ. ಅಕ್ಕನಿಗೆ ಈಜು ಬಾರದೆಂದು, ಮುಳುಗುವ ದೃಶ್ಯಕ್ಕೆ ಅವಳ ಬದಲು ಅವಳ ಉಡುಪು ತೊಟ್ಟು ದೋಣಿಯಿಂದ ಹಾರಿದವಳು ಜೀವಂತವಾಗಿ ಮೇಲೆ ಬರಲಿಲ್ಲ. ಕ್ಯಾಮೆರಾ ತಿರುಗುತ್ತಲೇ ಇತ್ತು. ಚಿತ್ರದ ಯಜಮಾನ ದೋನ್ ಪ್ಲಾಸಿದೊ ಆ ತುಣುಕನ್ನು ಎಸೆಯುವ ಪೈಕಿಯೇ? ಮನಿಲಾದ ಗೋಡೆಗಳಿಗೆಲ್ಲ ಪೋಸ್ಟರ್ ಅಂಟಿಸಿದ: "ನಿಜವಾದ ಸಾವು! ಕಣ್ಣಾರೆ ನೋಡಿ!" ಈ ಸಂಜೆಯೇ ಮೊದಲ ಪ್ರದರ್ಶನ. ಆ ತುಣುಕೇ ಮಾಯ. ಡಬ್ಬದಲ್ಲಿದ್ದ ಮೂಲ ನೆಗೆಟಿವ್‌ನಿಂದಲೂ ಮಾಯ.

ಇನ್‌ಸ್ಪೆಕ್ಟರ್ ಬಲ್ಬಿನೊ ಬಂದ. ಅಂದು ದಡದ ಮೇಲೆ ಲುಮಿಂಗಳ ಹೆಣ ನೋಡಿದವನೂ ಅವನೇ. ಅಂದಿನಿಂದ ಅವನಿಗೆ ಊಟ ಸೇರಿರಲಿಲ್ಲ. ಆದರೆ ಕೆಲಸ ಕೆಲಸವೇ.

ಮೊದಲು ಫಿಲ್ಮ್ ತೊಳೆಯುವ ಮುದುಕ ಉರ್ಬಾನೊ.

"ಫಿಲ್ಮ್ ಕೋಣೆ ಬೀಗದಕೈ ನಿನ್ನ ಹತ್ರ ಇತ್ತಾ?"

"ಯಾವ ಬೀಗ ಸ್ವಾಮಿ?" ಎಂದ ಅವನು, ಬಾಯಲ್ಲಿ ಎಲೆಅಡಿಕೆ ತುಂಬಿಕೊಂಡು. "ಕಂಪನಿಯೋರೆಲ್ಲ ಬರ್ತಾರೆ, ಹೋಗ್ತಾರೆ. ಛತ್ರ ಇದ್ದಂಗೆ ಐತೆ."

"ಇವನೇ ಕಣ್ರೀ!" ದೋನ್ ಹಾರಿಬಿದ್ದ. "ಪೈಪೋಟಿಯ ಚಿತ್ರ ಕಂಪನಿಯೋರು ಕಾಸು ಕೊಟ್ಟಿರ್ತಾರೆ."

"ಕೊಟ್ಟಿದ್ರೆ ಚಪ್ಪಲಿ ತಗೋತಿದ್ನಲ್ಲ ಧಣಿ," ಎಂದು ಉರ್ಬಾನೊ ಬರಿಗಾಲು ತೋರಿಸಿದ.

ಆಮೇಲೆ ದೋನ್‌ನ ಅಳಿಯ ಫೌಸ್ತೊ. ಕೂದಲಿಗೆ ಎಣ್ಣೆ, ಬೆರಳಿಗೆ ಉಂಗುರ.

"ನಿರ್ದೇಶಕರು ನೀವೇ ತಾನೇ?"

"ಪರದೆ ಮೇಲೆ ಅಷ್ಟುದ್ದ ಹೆಸರಿದೆಯಲ್ಲ. ಓದೋಕೆ ಬರಲ್ವೇನ್ರೀ?"

"ಬರುತ್ತೆ. ಅದಕ್ಕೇ ಕೇಳ್ದೆ."

ಕೊನೆಗೆ ನಿಯೆವೆಸ್. ಹಿಂದಿನ ಸಾಲಿನಲ್ಲಿ ಒಬ್ಬಳೇ ಕೂತಿದ್ದಳು. ನಾಟಕ ಕಂಪನಿಯಲ್ಲಿ ಹಾಡುತ್ತಿದ್ದವಳು ಮೂಕಿ ಚಿತ್ರಕ್ಕೆ ಬಂದು ಹತ್ತು ವರ್ಷವಾಗಿತ್ತು. ಆಕೆಯ ಮುಖ ಗೊತ್ತಿಲ್ಲದವರು ಮನಿಲಾದಲ್ಲಿರಲಿಲ್ಲ. ದನಿ ಮಾತ್ರ ಯಾರಿಗೂ ನೆನಪಿರಲಿಲ್ಲ. ಈಗ ಆ ಮುಖದಲ್ಲಿ ಅಳುವಿಲ್ಲ, ಸಿಟ್ಟಿಲ್ಲ. ಮುಂದಿಟ್ಟ ಲೋಟದ ಬಿಸಿ ಚಾಕೊಲೇಟ್ ಆರಿ ಕೆನೆ ಕಟ್ಟಿತ್ತು.

"ಅಮ್ಮಾ, ನಿಮಗೆ ಯಾರ ಮೇಲಾದ್ರೂ ಅನುಮಾನ?"

"ಇಲ್ಲ."

"ಆ ದೃಶ್ಯ ಹೋಗಿದ್ದಕ್ಕೆ ಸಮಾಧಾನವಾಯ್ತಾ?"

ಆಕೆ ಯೋಚಿಸಿದಳು. "ಏನೂ ಆಗ್ಲಿಲ್ಲ ಸ್ವಾಮಿ."

ಬಲ್ಬಿನೊ ಮತ್ತೆ ಚಿತ್ರ ಹಾಕಿಸಿದ. ದೋಣಿಯಲ್ಲಿ ನಿಂತ ಹುಡುಗಿ ಹಣೆಯತ್ತ ಕೈ ಎತ್ತುತ್ತಾಳೆ. ಕಿಟಕಿಯಲ್ಲಿ ನಿಂತ ತಾಯಿಯ ಕೈ ಕೆಳಗಿಳಿಯುತ್ತದೆ. ಖಾಲಿ ದೋಣಿ ಅಲುಗುತ್ತದೆ. ಅಷ್ಟೇ. ಬಲ್ಬಿನೊ ದೀಪ ಹಾಕಿಸಿ ಎದ್ದು ನಿಂತ.

"ದೋನ್ ಅವರೇ, ದೃಶ್ಯ ಕಾಣೆಯಾಗಿದೆ ಅಂತ ಕೂಗಿದ್ದು ನೀವೊಬ್ಬರೇ. ಇಷ್ಟು ಜನ ಪತ್ರಿಕೆಯೋರು ಕೂತಿದ್ರು. ಒಬ್ಬರಿಗಾದ್ರೂ ಗೊತ್ತಾಯ್ತಾ?"

"ಅದಕ್ಕೇನೀಗ?"

"ಅದೇ ಸುಳಿವು. ಅದನ್ನೇ ಯಾರೂ ನೋಡ್ಲಿಲ್ಲ. ಕಳ್ಳನಾದವನು ಕತ್ತರಿಸಿಕೊಂಡು ಓಡಿಹೋಗ್ತಾನೆ. ಆಗ ಚಿತ್ರ ಎಡವುತ್ತೆ — ನೋಡೋರೂ ಎಡವುತ್ತಾರೆ. ಇಲ್ಲಿ ಕತ್ತರಿಸಿದವರು ಕೂತು ಹೊಲಿದಿದ್ದಾರೆ. ಈ ಖಾಲಿ ದೋಣಿ ಮೊದಲು ಎಲ್ಲಿತ್ತು ಉರ್ಬಾನೊ?"

"ಶುರೂನಲ್ಲಿತ್ತು ಸ್ವಾಮಿ. ಕಿಟಕಿ ತಾಯಿ ಕೊನೇಲಿದ್ಲು."

"ಕೇಳಿದ್ರಾ? ಎರಡೂ ಕಡೆಯಿಂದ ತಂದು ಇಲ್ಲಿ ಕೂರಿಸಿದ್ದಾರೆ. ಯಾವ ತುಣುಕು ಎಲ್ಲಿದೆ, ಯಾವ ಕೈ ಎತ್ತಿದ ಮೇಲೆ ಯಾವ ಕೈ ಇಳೀಬೇಕು — ಇಡೀ ಚಿತ್ರ ತಲೆಯೊಳಗಿದ್ದವರಿಗೆ ಮಾತ್ರ ಇದು ಸಾಧ್ಯ. ಅಂದ್ರೆ ನಿರ್ದೇಶಿಸಿದವರಿಗೆ." ಅವನು ತಿರುಗಿದ. "ಫೌಸ್ತೊ ಅವರೇ, ನಡೀರಿ ಠಾಣೆಗೆ."

ಫೌಸ್ತೊನ ಮುಖ ಸುಣ್ಣವಾಯಿತು.

"ನಾನಲ್ಲ! ನಾನೆಲ್ರೀ ನಿರ್ದೇಶನ ಮಾಡಿದ್ದು? ನನಗೆ ಕತ್ತರಿ ಹಿಡಿಯೋಕೂ ಬರಲ್ಲ! ಎಲ್ಲಾ ಆ ನಿಯೆವೆಸ್ಸೇ — ಈ ಚಿತ್ರ, ಹೋದ ವರ್ಷದ್ದು, ಅದರ ಹಿಂದಿಂದು! ಮಾವ, ನೀವೇ ಹೇಳಿ!"

"ಬಾಯ್ಮುಚ್ಚೋ ದರಿದ್ರದವನೇ!" ಎಂದ ದೋನ್. ತಡವಾಗಿತ್ತು. ಪತ್ರಿಕೆಯವರ ಪೆನ್ಸಿಲ್‌ಗಳು ಓಡುತ್ತಿದ್ದವು.

ಪರದೆ ಮೇಲೆ ನಿರ್ದೇಶಕಿಯೆಂದು ತನ್ನ ಹೆಸರು ಹಾಕಿಸಲು ನಿಯೆವೆಸ್ ವರ್ಷಗಟ್ಟಲೆ ದೋನ್‌ನ ಬಾಗಿಲಲ್ಲಿ ನಿಂತಿದ್ದಳೆಂದು ಕಂಪನಿಯಲ್ಲಿ ಎಲ್ಲರಿಗೂ ಗೊತ್ತಿತ್ತು. ಹೆಂಗಸಿನ ಹೆಸರು ಹಾಕಿದರೆ ಯಾರು ಬರುತ್ತಾರೆ ಎಂದು ಅವನು ನಗುತ್ತಿದ್ದ. ಈಗ ನಿರ್ದೇಶಕಿ ಅವಳೇ ಎಂಬ ಮಾತು ಊರ ಮುಂದೆಯೇ ಬಂದಿತ್ತು. ಬಲ್ಬಿನೊ ಆಕೆಯತ್ತ ನೋಡಿದ. ಅವನಿಗೆ ಗೆದ್ದ ಖುಷಿ ಬರಲಿಲ್ಲ. ಏನೂ ಬರಲಿಲ್ಲ.

"ಹೌದಾ ಅಮ್ಮಾ?"

"ಹೌದು. ಕತ್ತರಿಸಿದ್ದು ನಾನೇ. ಒಲೆಗೆ ಹಾಕ್ದೆ. ಭಗ್ ಅಂತು, ಮುಗೀತು."

"ಒರಟಾಗಿ ಕತ್ತರಿಸಿ ಬಿಟ್ಟಿದ್ರೆ ನಿಮ್ಮ ಮೇಲೆ ಅನುಮಾನವೇ ಬರ್ತಿರಲಿಲ್ಲ."

"ಗೊತ್ತು. ಕೈ ಬರ್ಲಿಲ್ಲ."

"ಕೇಸು ಹಾಕ್ತೀನಿ! ಕಳ್ಳಿ!" ದೋನ್ ಗುಡುಗಿದ.

"ಹಾಕಿ," ಎಂದ ಬಲ್ಬಿನೊ. "ತನ್ನ ಚಿತ್ರವನ್ನ ನಿರ್ದೇಶಕಿ ತಾನೇ ಕತ್ತರಿಸಿದ್ಲು ಅಂತ. ಅದು ಕಳ್ಳತನವೋ ಕೆಲಸವೋ, ಜಡ್ಜ್ ಹೇಳ್ಲಿ."

ಪತ್ರಿಕೆಯವನೊಬ್ಬ ಮುಂದೆ ಬಾಗಿದ. "ಮೇಡಂ, ಹಾಗಾದ್ರೆ ನದಿ ದೃಶ್ಯ ಚಿತ್ರೀಕರಿಸಿದ್ದೂ ನೀವೇನಾ?"

ಬೇಡ, ಹೇಳಬೇಡ ಎಂದು ಬಲ್ಬಿನೊ ಮನಸ್ಸಿನಲ್ಲೇ ಅಂದುಕೊಂಡ. ಫೌಸ್ತೊ ಎಂದರೆ ಸಾಕಿತ್ತು, ಆ ಸಾವಿನ ಹೊಣೆಯಿಂದ ಅವಳು ಪಾರಾಗುತ್ತಿದ್ದಳು.

"ನಾನೇ," ಎಂದಳು ನಿಯೆವೆಸ್. "ಅವಳು ನೀರಿಂದ ಕೈ ಎತ್ತಿದ್ಲು. ಎಷ್ಟು ಚೆನ್ನಾಗಿ ನಟಿಸ್ತಿದ್ದಾಳೆ ಅಂದ್ಕೊಂಡೆ. ಕ್ಯಾಮೆರಾದವನು ನಿಲ್ಲಿಸೋಕೆ ಹೋದ. ಇನ್ನೂ ತಿರುಗಿಸು ಅಂದೆ."